ತನ್ನ ಕಡೆಗೆ ಸುತ್ತುವ ಮೊಟ್ಟೆ

ಓತ್ಸು,
ಏಪ್ರಿಲ್ ೧೪

ತಮ್ಮ ತೊಕುಜೊನಿಗೆ,

ಪತ್ರದಲ್ಲಿ ಮೊದಲು ಋತುವಿನ ಮಾತು ಬರೆಯಬೇಕೆಂದು ಅಮ್ಮ ಕಲಿಸಿದ್ದಳು. ಚೆರ್ರಿ ಹೂವು ಉದುರಿ ಆಯಿತು, ಸರೋವರದ ಗಾಳಿ ಇನ್ನೂ ತಣ್ಣಗಿದೆ. ಅಷ್ಟು ಸಾಕು. ನಿನಗೆ ಅದರಲ್ಲಿ ಆಸಕ್ತಿಯಿಲ್ಲ, ನನಗೆ ಹೇಳಬೇಕಾಗಿರುವುದೇ ಬೇರೆ. ಓದುವ ಮೊದಲು ಕುಳಿತುಕೋ. ಕೈಯಲ್ಲಿ ಚಾಕುವಿದ್ದರೆ ಕೆಳಗಿಡು.

ಕಳೆದ ವಾರ ನಮ್ಮ ಬೀದಿಯ ಮಹಿಳಾ ಸಂಘದವರೆಲ್ಲ ಒನೊಮಿಚಿಗೆ ಪ್ರವಾಸ ಹೋಗಿದ್ದೆವು. ಎರಡನೆಯ ದಿನ ಎಲ್ಲರೂ ಬೆಟ್ಟದ ದೇವಾಲಯಗಳನ್ನು ನೋಡಲು ಹೊರಟರು. ನಾನು ಮಂಡಿ ನೋವಿನ ನೆಪ ಹೇಳಿ ಉಳಿದುಕೊಂಡೆ. ಅವರು ಕಣ್ಮರೆಯಾದ ಮೇಲೆ, ಆ ದೇವಾಲಯಗಳಿಗಿಂತ ಎತ್ತರದಲ್ಲಿರುವ ಒಂದು ಮನೆಗೆ ಅದೇ ಮಂಡಿಯನ್ನು ಎಳೆದುಕೊಂಡು ಮೆಟ್ಟಿಲು ಹತ್ತಿದೆ. ಅದು ಚಿಗುಸಾಳ ಮನೆ. ನಿನ್ನ ಮಗಳ ಮನೆ.

ಹರಿದು ಹಾಕಬೇಡ, ಮುಂದೆ ಓದು. ಊರು ನೋಡಲು ಬಂದವರಿಗೆ ಅವಳು ಅಲ್ಲಿ ಅಡುಗೆ ಕಲಿಸುತ್ತಾಳೆ. ಬೆಳಿಗ್ಗೆ ಬಂದವರು ತಾವೇ ಅಕ್ಕಿ ತೊಳೆದು, ತಾವೇ ಸಾರು ಕಾಯಿಸಿ, ತಾವೇ ಮೊಟ್ಟೆ ಸುತ್ತಿ, ಮಧ್ಯಾಹ್ನ ಅದನ್ನೇ ಉಂಡು ಹೋಗಬೇಕು. ನಾನು ಫೋನಿನಲ್ಲಿ ಗಂಡನ ಮನೆಯ ಹೆಸರಷ್ಟೇ ಹೇಳಿ ಜಾಗ ಕಾದಿರಿಸಿದ್ದೆ. ಬಾಗಿಲು ತೆರೆದವಳು ನನ್ನನ್ನು ನೋಡಿ ಆಶ್ಚರ್ಯಪಡಲೂ ಇಲ್ಲ.

"ಕೊಮೊರಿ ಅಂದಾಗ್ಲೇ ನೀವೇ ಇರ್ಬೇಕು ಅಂದ್ಕೊಂಡೆ ಅತ್ತೆ."

"ಅಂದ್ಕೊಂಡ ಮೇಲೆ ಒಂದು ಕುರ್ಚಿ ಹಾಕಿಡೋದಲ್ವಾ? ಮಂಡಿ ಕಿತ್ಕೊಂಡು ಬರ್ತಿದೆ."

"ಇಲ್ಲಿ ಅಡುಗೆಯೆಲ್ಲಾ ನಿಂತ್ಕೊಂಡೇ. ಕೂರೋದು ಊಟಕ್ಕೆ ಮಾತ್ರ."

ಯಾರ ಬಾಯಿಂದ ಕಲಿತ ಮಾತು ಅದು ಎಂದು ನಿನಗೆ ಬೇರೆ ಹೇಳಬೇಕೆ?

ನನ್ನ ಜೊತೆಗೆ ಲಿಸ್ಬನ್ನಿನಿಂದ ಬಂದ ವಯಸ್ಸಾದ ಗಂಡಹೆಂಡತಿ ಇದ್ದರು, ಮನಿಲಾದ ಒಬ್ಬ ನರ್ಸ್ ಇದ್ದಳು, ನಾರ್ವೆಯ ಒಬ್ಬ ಗಡ್ಡದವನು ಇದ್ದ. ಅವನು ಬಾಗಿಲ ತೊಲೆಗೆ ತಲೆ ಹೊಡೆದುಕೊಂಡೇ ಒಳಗೆ ಬಂದ. ಚಿಗುಸಾಳ ಇಂಗ್ಲಿಷ್ ಅರ್ಧ, ಉಳಿದರ್ಧ ಕೈಯ ಮಾತು. ಆದರೂ ಒಬ್ಬರಿಗೂ ಏನೂ ಅರ್ಥವಾಗದೆ ಉಳಿಯಲಿಲ್ಲ. ಮೊದಲು ಎಲ್ಲರ ಮುಂದೆಯೂ ಒಂದೊಂದು ಹಿಡಿ ಒಣಮೀನು ಸುರಿದಳು. ತಲೆ ಮುರಿದು, ಹೊಟ್ಟೆಯ ಕಪ್ಪು ತೆಗೆಯಬೇಕು, ಇಲ್ಲದಿದ್ದರೆ ಸಾರು ಕಹಿ. ಗಡ್ಡದವನು ಮೀನುಗಾರರ ಊರಿನವನಂತೆ, ನಾವು ಐದು ಬಿಡಿಸುವಷ್ಟರಲ್ಲಿ ಅವನದು ಮುಗಿದೇ ಹೋಯಿತು. ಹೌದು ತಮ್ಮಾ, ಅವಳ ಸಾರು ನಿನ್ನದರಂತೆ ಕಡಲಪಾಚಿಯದಲ್ಲ, ಒಣಮೀನಿನದು. ಆ ಸಮುದ್ರದ ದಂಡೆಯಲ್ಲಿ ಎಲ್ಲರೂ ಹಾಗೆಯೇ ಮಾಡುತ್ತಾರೆ.

ಆಮೇಲೆ ಮೊಟ್ಟೆಯ ಸರದಿ ಬಂತು. ಚೌಕ ಕಾವಲಿಗೆ ಎಣ್ಣೆ ಸವರಿ, ಕದಡಿದ ಮೊಟ್ಟೆಯನ್ನು ತೆಳ್ಳಗೆ ಒಂದು ಪದರ ಹುಯ್ದು, ಗುಳ್ಳೆಗಳನ್ನು ಊಟದ ಕಡ್ಡಿಯಿಂದ ಒಡೆದು, ಅವಳು ಅದನ್ನು ಸುತ್ತಿದಳು. ತನ್ನ ಕಡೆಗೆ. ನೀನು ಸರಿಯಾಗಿಯೇ ಓದಿದೆ, ಆಚೆ ತುದಿಯಿಂದ ಈಚೆಗೆ. ನಮ್ಮಪ್ಪ, ಅವನಾದ ಮೇಲೆ ನೀನು, ಕ್ಯೋತೋದ ಆ ಊಟದ ಅಂಗಡಿಯಲ್ಲಿ ನಿಂತು ತನ್ನಿಂದ ಆಚೆಗೆ ತಳ್ಳಿ ಸುತ್ತಿದ್ದೇ ಮೊಟ್ಟೆ, ಉಳಿದದ್ದೆಲ್ಲ ಬರೀ ತಿಂಡಿ ಎಂದು ಹೇಳಿಕೊಂಡು ಬಂದಿರಿ. ನಾನು ಅವಳ ಮುಖ ನೋಡಿದೆ. ಅವಳು ನನ್ನ ಮುಖ ನೋಡಲಿಲ್ಲ.

ಲಿಸ್ಬನ್ನಿನ ಯಜಮಾನರ ಪದರ ಅರ್ಧಕ್ಕೇ ಹರಿಯಿತು. ಮನುಷ್ಯ ತಲೆ ತಗ್ಗಿಸಿ ನಿಂತುಬಿಟ್ಟರು. ಚಿಗುಸಾ ಹೋಗಿ ಕಾವಲಿಯ ಹಿಡಿಯ ಮೇಲೆ ಅವರ ಕೈಯ ಜೊತೆ ತನ್ನ ಕೈಯನ್ನೂ ಇಟ್ಟಳು. "ಏನೂ ಆಗಿಲ್ಲ. ಮುಂದಿನ ಪದರ ಹುಯ್ಯಿರಿ. ಅದು ಮುಚ್ಕೊಳತ್ತೆ." ಮುಚ್ಚಿಕೊಂಡಿತು. ಆ ಮನುಷ್ಯನ ಮುಖ ಅರಳಿದ್ದನ್ನು ನೀನು ನೋಡಬೇಕಿತ್ತು.

ನನಗೆ ಹೆಮ್ಮೆಯಾಯಿತು ಕಣೋ, ಮುಚ್ಚುಮರೆಯಿಲ್ಲದೆ ಹೇಳುತ್ತೇನೆ. ಎಂಟು ವರ್ಷ ಅವಳು ನಿನ್ನ ಹಿಂದಿನ ಕೋಣೆಯಲ್ಲಿ ಮೂಲಂಗಿ ಹೆಚ್ಚಿದಳು. ಗಿರಾಕಿಗಳ ಎದುರಿನ ಒಲೆ ತನಗೆ ಕೊಡಿ ಎಂದು ಕೇಳಿದ ದಿನ ನೀನು ಅದನ್ನು ಶಿಷ್ಯ ಕುರಾಮೊತೊಗೆ ಕೊಟ್ಟೆ. ಅವಳು ಏಪ್ರನ್ ಮಡಿಸಿಟ್ಟು ಹೊರಟುಹೋದಳು. ನೀವಿಬ್ಬರೂ ಮಾತು ಬಿಟ್ಟು ಒಂಬತ್ತು ವರ್ಷ. ಆ ಕುರಾಮೊತೊ ಈಗ ಓಸಾಕಾದಲ್ಲಿ ತನ್ನದೇ ಅಂಗಡಿ ಮಾಡಿಕೊಂಡು ಆರಾಮಾಗಿದ್ದಾನೆ. ನನಗೆ ಎಪ್ಪತ್ತಾರು. ನಾನು ಕಣ್ಣು ಮುಚ್ಚುವುದರೊಳಗೆ ನೀವಿಬ್ಬರೂ ಒಂದೇ ಒಲೆಯ ಮುಂದೆ ನಿಂತದ್ದನ್ನು ಕೇಳಬೇಕು. ಬೇರೆ ಆಸೆ ಇಲ್ಲ.

ನಿನ್ನ ಅಕ್ಕ,
ಶಿಜುಯೊ


ಕ್ಯೋತೋ,
ಏಪ್ರಿಲ್ ೨೫

ಅಕ್ಕಾ,

ಪತ್ರ ತಲುಪಿತು. ಕೆಲಸ ಬಹಳ ಇದೆ, ಕಾರ್ಡಿನಲ್ಲೇ ಬರೆಯುತ್ತಿದ್ದೇನೆ.

ತನ್ನ ಕಡೆಗೆ ಸುತ್ತುವುದು ಬೆಳಿಗ್ಗೆ ಊಟದ ಡಬ್ಬಿಗೆ ಆತುರದಲ್ಲಿ ಮಾಡುವ ಮೊಟ್ಟೆ. ಅದನ್ನು ಕಲಿಸಲು ಒಂದು ಮನೆ, ಒಂದು ಬೋರ್ಡು ಬೇಕೆ? ಹರಿದ ಪದರವನ್ನು ಮೇಲಿನ ಪದರ ಮುಚ್ಚುತ್ತದೆ ನಿಜ. ಕತ್ತರಿಸಿದಾಗ ಕಾಣುತ್ತದೆ. ಗಿರಾಕಿ ನೋಡುವುದು ಕತ್ತರಿಸಿದ ಮುಖವನ್ನು.

ಒಣಮೀನಿನ ವಿಷಯ ನಾನು ಏನೂ ಹೇಳುವುದಿಲ್ಲ.

ಅವಳು ಮೊಟ್ಟೆಗೆ ಉಪ್ಪು ಎಷ್ಟು ಹಾಕುತ್ತಾಳೆ?

ತೊಕುಜೊ


ಓತ್ಸು,
ಮೇ ೧೧

ತಮ್ಮಾ,

ಕಾರ್ಡು ಬಂತು. ಮೊದಲ ಸಾಲುಗಳನ್ನು ಓದಿ ಹುಬ್ಬು ಗಂಟಿಕ್ಕಿದೆ, ಕೊನೆಯ ಸಾಲು ಓದಿ ನಕ್ಕುಬಿಟ್ಟೆ. ನಿಜವಾಗಿ ಸಿಟ್ಟಿರುವವನು ಉಪ್ಪಿನ ಅಳತೆ ಕೇಳುವುದಿಲ್ಲ.

ಅವತ್ತೇ ಅವಳಿಗೆ ಫೋನ್ ಮಾಡಿದೆ. ನೀನು ಬೇಡ ಅನ್ನುತ್ತಿದ್ದೆ, ಅದಕ್ಕೇ ನಿನ್ನನ್ನು ಕೇಳಲಿಲ್ಲ. ಅವಳು ಹೇಳಿದ್ದನ್ನು ಹೇಳಿದ ಹಾಗೆಯೇ ಬರೆಯುತ್ತೇನೆ, ನಾನು ಒಗ್ಗರಣೆ ಹಾಕಿದೆ ಅನ್ನಬೇಡ.

"ಆಚೆಗೆ ತಳ್ಳಿ ಸುತ್ತೋದು ಕಲಿಯಕ್ಕೆ ನನಗೇ ನಾಲ್ಕು ವರ್ಷ ಹಿಡೀತು ಅತ್ತೆ. ಇವರ ಹತ್ರ ಇರೋದು ಒಂದು ಬೆಳಿಗ್ಗೆ."

"ಅದಕ್ಕೆ ಸುಲಭದ್ದನ್ನ ಹೇಳಿಕೊಟ್ಟು ಕಳಿಸ್ತೀಯಾ?"

"ಸುಲಭ ಅಂತಲ್ಲ. ಆಚೆಗೆ ತಳ್ಳೋವಾಗ ಹೊಸಬರಿಗೆ ಮೊಟ್ಟೆ ಕೈ ಬಿಟ್ಟು ಹೋಗ್ತಿದೆ ಅನ್ಸತ್ತೆ, ಗಾಬರಿ ಬೀಳ್ತಾರೆ. ಗಾಬರಿಯಾದ್ರೆ ಹರಿಯತ್ತೆ. ತಮ್ಮ ಕಡೆಗೆ ಬಂದ್ರೆ ಧೈರ್ಯ ಇರತ್ತೆ. ಊರಿಗೆ ಹೋದ ಮೇಲೂ ಇನ್ನೊಂದ್ಸಲ ಮಾಡಿ ನೋಡ್ತಾರೆ. ನನಗೆ ಬೇಕಾಗಿರೋದು ಆ ಇನ್ನೊಂದ್ಸಲ."

"ಹರಿದಿದ್ದು ಕತ್ತರಿಸಿದಾಗ ಕಾಣತ್ತಂತೆ. ನಿಮ್ಮಪ್ಪ ಬರೆದಿದಾನೆ."

ಆ ಕಡೆ ಪಾತ್ರೆ ಕೆಳಗಿಟ್ಟ ಸದ್ದು ಕೇಳಿಸಿತು.

"ಅಪ್ಪ ಬರೆದ್ರಾ? ನನ್ನ ವಿಷಯ?"

"ಮೊಟ್ಟೆ ವಿಷಯ."

"ಓ." ಆಮೇಲೆ, "ಕತ್ತರಿಸಿದಾಗ ಕಾಣತ್ತೆ, ಅಪ್ಪ ಹೇಳೋದು ನಿಜ. ತಿನ್ನೋವಾಗ ಗೊತ್ತಾಗಲ್ಲ ಅಂತ ಬರೀರಿ," ಅಂದಳು.

ಉಪ್ಪಿನ ಮಾತು ಕೇಳಿದಾಗ ಮಾತ್ರ ನಕ್ಕಳು. "ಉಪ್ಪು ಅಪ್ಪನ ಅಳತೇನೇ. ಅದೊಂದನ್ನ ಬದಲಾಯಿಸಕ್ಕೆ ನನ್ನ ಕೈಲಿ ಆಗ್ಲಿಲ್ಲ."

ಈಗ ನಿನ್ನ ಮಾತು ಹೇಳು. ಬಲಗೈ ಮಣಿಕಟ್ಟು ಹೇಗಿದೆ? ಹೊಸ ವರ್ಷದ ದಿನ ನೀನು ಚಹಾದ ಬಟ್ಟಲನ್ನು ಎಡಗೈಯಲ್ಲಿ ಎತ್ತಿಕೊಂಡೆ. ನಾನು ನೋಡಲಿಲ್ಲ ಅಂದುಕೊಂಡೆಯಾ?

ಅಕ್ಕ,
ಶಿಜುಯೊ


ಕ್ಯೋತೋ,
ಜೂನ್ ೨೨

ಅಕ್ಕಾ,

ಮಣಿಕಟ್ಟಿನ ವಿಷಯ ಕೇಳಿದ್ದಿ. ಮಳೆ ಹಿಡಿದ ಮೇಲೆ ನೋವು ಜಾಸ್ತಿ. ಡಾಕ್ಟರು ಕಡ್ಡಿ ಮುರಿದಂತೆ ಹೇಳಿದರು, ಕಾವಲಿ ಬಿಡಿ ಎಂದು. ತಾಮ್ರದ ಕಾವಲಿಯ ಭಾರ ಅವರಿಗೇನು ಗೊತ್ತು ಎಂದು ಮೊದಲು ಸಿಟ್ಟು ಬಂತು. ಮನೆಗೆ ಬಂದು ಎತ್ತಿದಾಗ ಅವರಿಗೆ ಗೊತ್ತಿದೆ ಅನ್ನಿಸಿತು. ಮೊಟ್ಟೆ ಆಚೆಗೆ ಮಗುಚಬೇಕಾದ ಕ್ಷಣದಲ್ಲಿ ಕೈ ಕೇಳುವುದಿಲ್ಲ. ಹೋದ ವಾರ ಹಳೆಯ ಗಿರಾಕಿಯೊಬ್ಬರು ಒಂದು ಚೂರು ಬಾಯಿಗಿಟ್ಟುಕೊಂಡು ಬಹಳ ಚೆನ್ನಾಗಿದೆ ಎಂದರು. ಮೂವತ್ತು ವರ್ಷದಿಂದ ಬರುವವರು, ಒಂದು ದಿನವೂ ಹಾಗೆ ಹೇಳಿದವರಲ್ಲ. ಅವರು ಹೇಳಬೇಕಾಗಿ ಬಂತಲ್ಲ ಎಂದು ನನಗೆ ರಾತ್ರಿ ಊಟ ಸೇರಲಿಲ್ಲ.

ವರ್ಷದ ಕೊನೆಗೆ ಅಂಗಡಿ ಮುಚ್ಚುತ್ತೇನೆ. ಯಾರಿಗೂ ಹೇಳಿಲ್ಲ, ನಿನಗೆ ಹೇಳಿದ್ದೇನೆ.

ಹೇಗೋ ಗೊತ್ತಾಗಿ ಕುರಾಮೊತೊ ಮೊನ್ನೆ ಬಂದಿದ್ದ. ಸಿಹಿ ಡಬ್ಬಿ ತಂದಿದ್ದ. ಬಹಳ ಹೊತ್ತು ಅದೂ ಇದೂ ಮಾತಾಡಿ, ಆಮೇಲೆ ಮೆಲ್ಲಗೆ ಅಪ್ಪನ ತಾಮ್ರದ ಕಾವಲಿ ಕೇಳಿದ. ನ್ಯಾಯವಾಗಿ ಅದು ಅವನಿಗೇ ಹೋಗಬೇಕು, ಒಲೆ ಅವನಿಗೆ ಕೊಟ್ಟಿದ್ದೆನಲ್ಲ. ಕೊಡಲು ಎದ್ದೆ. ತಂತಿಗೆ ನೇತುಹಾಕಿದ್ದನ್ನು ಇಳಿಸಿ, ಒರೆಸಿ, ಮತ್ತೆ ಅಲ್ಲೇ ನೇತುಹಾಕಿದೆ. ಕಲಾಯಿ ಹಾಕಿಸಬೇಕು, ಆಮೇಲೆ ನೋಡೋಣ ಎಂದೆ. ಕಲಾಯಿ ಹಾಕಿಸಿ ಆರು ತಿಂಗಳೂ ಆಗಿಲ್ಲ.

ಇದ್ಯಾವುದನ್ನೂ ಅವಳಿಗೆ ಹೇಳಬೇಡ.

ತೊಕುಜೊ


ಓತ್ಸು,
ಆಗಸ್ಟ್ ೨೮

ತಮ್ಮಾ,

ಹಿರಿಯರ ಹಬ್ಬಕ್ಕೆ ನೀನು ಬಂದು ಅಪ್ಪನ ಸಮಾಧಿಗೆ ನೀರೆರೆದು, ನನ್ನ ಜೊತೆ ನಾಲ್ಕು ಮಾತೂ ಆಡದೆ ಹೋದೆ. ಮಣಿಕಟ್ಟಿಗೆ ಬಟ್ಟೆ ಸುತ್ತಿಕೊಂಡಿದ್ದೆ. ಅದನ್ನು ನೋಡಿದ ಮೇಲೆ ನನಗೆ ಸುಮ್ಮನಿರಲಾಗಲಿಲ್ಲ. ಮತ್ತೆ ಒನೊಮಿಚಿಗೆ ಹೋಗಿಬಂದೆ. ಈ ಸಲ ಸಂಘವೂ ಇಲ್ಲ, ನೆಪವೂ ಇಲ್ಲ. ಮೊದಲೇ ಹೇಳುತ್ತೇನೆ, ನಿನ್ನ ಅಂಗಡಿಯ ಮಾತು ನಾನು ಎತ್ತಲಿಲ್ಲ. ನಾಲಿಗೆ ಕಚ್ಚಿಕೊಂಡೇ ಇದ್ದೆ, ಅದು ಎಷ್ಟು ಕಷ್ಟ ಎಂದು ನಿನಗೆ ಗೊತ್ತು.

ಮತ್ತೆ ಪಾಠಕ್ಕೆ ನಿಂತೆ. ಚಿಲಿ ದೇಶದಿಂದ ಬಂದ ಒಬ್ಬ ಗಾರೆಯವನಿದ್ದ, ಅಂಗೈ ಹಲಗೆಯಷ್ಟು ಅಗಲ. ಮೊಟ್ಟೆ ಒಡೆದರೆ ಚಿಪ್ಪು ಪುಡಿಯಾಗಿಯೇ ಬೀಳುತ್ತಿತ್ತು. ಚಿಗುಸಾ ಅವನ ಪಕ್ಕದಲ್ಲಿ ನಿಂತು ಚಿಪ್ಪು ಆರಿಸಿಕೊಟ್ಟಳೇ ಹೊರತು ಮೊಟ್ಟೆಯನ್ನು ಅವನ ಕೈಯಿಂದ ತೆಗೆದುಕೊಳ್ಳಲಿಲ್ಲ. ನಾನಾಗಿದ್ದರೆ ಕಿತ್ತುಕೊಂಡು ನಾನೇ ಒಡೆದುಬಿಡುತ್ತಿದ್ದೆ. ನೀನಾಗಿದ್ದರೆ ಅವನನ್ನು ಮನೆಗೆ ಕಳಿಸುತ್ತಿದ್ದೆ. ಅಂಥ ತಾಳ್ಮೆ ನಮ್ಮ ಮನೆತನದಲ್ಲಿ ಯಾರಿಗೂ ಇರಲಿಲ್ಲ, ಅದು ಅವಳ ಸ್ವಂತ ಸಂಪಾದನೆ.

ಮೊಟ್ಟೆ ಸುತ್ತುವ ಮೊದಲು ಅವಳು ಒಂದು ಮಾತು ಹೇಳಿದಳು. ಏಪ್ರಿಲ್‌ನಲ್ಲೂ ಹೇಳಿದ್ದಳಂತೆ, ಆಗ ನಾನು ಕೈತೊಳೆಯಲು ಹಿತ್ತಲಿಗೆ ಹೋಗಿದ್ದೆ, ಕೇಳಿಸಿಕೊಂಡಿರಲಿಲ್ಲ. ಈ ಸಲ ಎದುರಿಗೇ ನಿಂತಿದ್ದೆ.

"ನಾನು ನಿಮಗೆ ಹೇಳಿಕೊಡೋದು ಈ ಕಡೆಗೆ ಸುತ್ತೋದು. ಆಚೆಗೆ ಸುತ್ತೋದೂ ಒಂದಿದೆ. ಕ್ಯೋತೋದಲ್ಲಿ ಒಬ್ಬ ಅಡುಗೆಯವರಿದಾರೆ, ಅವರು ಸುತ್ತಿದ್ರೆ ಕಾವಲಿಗೂ ಗೊತ್ತಾಗಲ್ಲ. ಅವರಿಗಿಂತ ಚೆನ್ನಾಗಿ ಮಾಡೋವ್ರನ್ನ ನಾನು ನೋಡಿಲ್ಲ. ಅದನ್ನ ಕಲಿಸೋ ಯೋಗ್ಯತೆ ನನಗಿಲ್ಲ. ಅದಕ್ಕೆ ನಿಮಗೆ ಇದು."

ಆ ಗಾರೆಯವನು ಕೈಸನ್ನೆ ಮಾಡಿ ಏನೋ ಕೇಳಿದ, ಅವರು ನಿಮ್ಮ ಗುರುಗಳಾ ಎಂದಿರಬೇಕು.

"ನಮ್ಮಪ್ಪ," ಅಂದಳು. ಅಷ್ಟೇ. ಆಮೇಲೆ ಎಣ್ಣೆಬಟ್ಟೆ ತೆಗೆದುಕೊಂಡು ಕಾವಲಿ ಸವರಿದಳು.

ಪ್ರತಿ ಪಾಠದಲ್ಲೂ ಹೀಗೇ ಹೇಳುತ್ತೀಯಾ ಎಂದು ಆಮೇಲೆ ಕೇಳಿದೆ. ಹೇಳದಿದ್ದರೆ ಬಂದವರಿಗೆ ಮೋಸ ಮಾಡಿದ ಹಾಗಲ್ಲವಾ ಎಂದಳು. ತೊಕುಜೊ, ಲಿಸ್ಬನ್ನಿನಲ್ಲಿ, ಮನಿಲಾದಲ್ಲಿ, ನಾರ್ವೆಯ ಯಾವುದೋ ಮೀನುಗಾರರ ಊರಿನಲ್ಲಿ ನಿನ್ನ ಮೊಟ್ಟೆಯ ಸುದ್ದಿ ಗೊತ್ತಿದೆ. ಅವಳ ಸುದ್ದಿ ನಿನ್ನ ಅಂಗಡಿಯಲ್ಲಿ ಯಾರಿಗೆ ಗೊತ್ತಿದೆ?

ಇನ್ನೊಂದು ಮಾತು. ನಾನೂ ಸುತ್ತಿದೆ. ತನ್ನ ಕಡೆಗೆ ಸುತ್ತಿದರೆ ಮಣಿಕಟ್ಟಿಗೆ ಅಷ್ಟು ನೋವಿಲ್ಲ. ಸುಮ್ಮನೆ ಹೇಳಿದೆ.

ಅಕ್ಕ,
ಶಿಜುಯೊ


ಕ್ಯೋತೋ,
ಅಕ್ಟೋಬರ್ ೧೭

ಅಕ್ಕಾ,

ಉತ್ತರ ತಡವಾಯಿತು. ನಿನ್ನ ಪತ್ರವನ್ನು ಅಕ್ಕಿ ಡಬ್ಬದ ಮೇಲಿಟ್ಟಿದ್ದೆ. ದಿನಾ ಕಣ್ಣಿಗೆ ಬೀಳುತ್ತಿತ್ತು.

ನಿನ್ನ ಗಂಡನ ಮನೆಯ ಹೆಸರು ನನಗೆ ಒಂದು ದಿನದ ಮಟ್ಟಿಗೆ ಬೇಕು. ಕೊಮೊರಿ ಎಂದು ಹೇಳಿ ಒಂದು ಜಾಗ ಕಾದಿರಿಸು. ನವೆಂಬರ್ ಮಧ್ಯದಲ್ಲಿ, ಅಂಗಡಿ ರಜೆಯ ದಿನ. ನಾನೇ ಫೋನ್ ಮಾಡಿದರೆ ದನಿ ಗೊತ್ತಾಗುತ್ತದೆ.

ಅಲ್ಲಿಗೆ ಬರುವವರು ಏನು ತೊಟ್ಟುಕೊಂಡು ಬರುತ್ತಾರೆ? ಏಪ್ರನ್ ಅವರೇ ಕೊಡುತ್ತಾರೋ, ನಾವೇ ಒಯ್ಯಬೇಕೋ?

ತೊಕುಜೊ


ಓತ್ಸು,
ಅಕ್ಟೋಬರ್ ೨೦

ತಮ್ಮಾ,

ಕಾದಿರಿಸಿದ್ದಾಯಿತು. ನವೆಂಬರ್ ೧೬.

ದನಿ ಗೊತ್ತಾಗುತ್ತದೆಯಂತೆ. ಮುಖ ಎಲ್ಲಿ ಬಿಟ್ಟು ಹೋಗುತ್ತೀಯ? ಆದರೂ ಕೊಮೊರಿ ಎಂದರೆ ಕೊಮೊರಿ. ನಮ್ಮ ಯಜಮಾನರು ಬದುಕಿದ್ದರೆ ಇಂಥ ಮುಂಗೋಪಿಗೆ ಹೆಸರು ಸಾಲ ಕೊಡುತ್ತಿದ್ದರೋ ಇಲ್ಲವೋ.

ಏಪ್ರನ್ ಅವಳೇ ಕೊಡುತ್ತಾಳೆ. ತೂತಿಲ್ಲದ ಕಾಲುಚೀಲ ಹಾಕಿಕೊಂಡು ಹೋಗು. ಮೆಟ್ಟಿಲು ಕಡಿದು, ನಿಂತು ನಿಂತು ಹತ್ತು. ಅಲ್ಲಿ ಅವಳು ಗುರು, ನೀನು ಕಲಿಯಲು ಬಂದ ಮುದುಕ. ಬಾಯಿ ಮುಚ್ಚಿಕೊಂಡಿರು. ಇದೊಂದು ಸಲ ಅಕ್ಕನ ಮಾತು ಕೇಳು.

ಶಿಜುಯೊ


ಒನೊಮಿಚಿ,
ನವೆಂಬರ್ ೧೯

ಪ್ರೀತಿಯ ಅತ್ತೆಗೆ, ಚಿಗುಸಾಳ ನಮಸ್ಕಾರಗಳು.

ಬೆಟ್ಟದ ಮೇಪಲ್ ಎಲೆಗಳು ಕೆಂಪಾಗಿವೆ. ಕೆಳಗೆ ದೋಣಿ ದಿನಾ ಆಚೆ ದಡಕ್ಕೆ ಹೋಗಿ ಬರುತ್ತಿದೆ. ನಿಮ್ಮ ಮಂಡಿ ಹೇಗಿದೆ?

ಅತ್ತೆ, ನೀವು ಒಬ್ಬ ಕೊಮೊರಿಯವರಿಗೆ ಜಾಗ ಬೇಕು, ವಯಸ್ಸಾದ ಗಂಡಸು, ಅಡುಗೆಮನೆಯ ಮುಖವನ್ನೇ ನೋಡಿದವರಲ್ಲ ಎಂದಾಗಲೇ ನನಗೆ ಯಾರೆಂದು ಹೊಳೆದಿತ್ತು. ಮಾಮನ ಕಡೆಯಲ್ಲಿ ಈಗ ಗಂಡಸರು ಯಾರೂ ಇಲ್ಲ. ಆದರೂ ಏನೂ ಕೇಳಲಿಲ್ಲ. ಕೇಳಿದರೆ ಬರದೇ ಹೋದಾರು ಎಂಬ ಭಯ.

ಅವರು ಬಂದರು. ಎಲ್ಲರಿಗಿಂತ ಮೊದಲು ಬಂದು, ಬಾಗಿಲು ತಟ್ಟದೆ, ಹೊರಗೆ ಬೆಕ್ಕುಗಳ ಜೊತೆ ನಿಂತಿದ್ದರು. ಕೈಯಲ್ಲಿ ಬಟ್ಟೆಯ ಗಂಟು. ನಾನು ಕಿಟಕಿಯಿಂದ ನೋಡಿದೆ. ಕೂದಲು ಪೂರ್ತಿ ಬೆಳ್ಳಗಾಗಿದೆ, ಯಾರೂ ನನಗೆ ಹೇಳಿರಲಿಲ್ಲ. ಬಾಗಿಲು ತೆರೆದಾಗ ಅವರು ಸೊಂಟ ಬಾಗಿಸಿ ನಮಸ್ಕಾರ ಮಾಡಿದರು.

"ಕೊಮೊರಿ ಅಂತ. ನನಗೇನೂ ಬರಲ್ಲ, ಸ್ವಲ್ಪ ಹೇಳಿಕೊಡಬೇಕು."

ಹೊಸಬರಿಗೆ ದಿನಾ ಹೇಳುವ ಮಾತೇ ಬಾಯಿಗೆ ಬಂತು, ಅದೇ ನನ್ನನ್ನು ಉಳಿಸಿತು. "ಬನ್ನಿ ಕೊಮೊರಿ ಅವರೇ. ಇಲ್ಲಿ ಬರದೇ ಇರೋವ್ರೇ ಬರೋದು."

ಅವತ್ತು ತೈಪೆಯಿಂದ ಅಕ್ಕತಂಗಿ ಇಬ್ಬರು ಬಂದಿದ್ದರು, ಇಬ್ಬರೂ ಅಜ್ಜಿಯಂದಿರು, ಬಾಯಿ ತುಂಬ ನಗು. ಅಕ್ಕನಿಗೆ ನಮ್ಮ ಮಾತು ಚೆನ್ನಾಗಿಯೇ ಬರುತ್ತಿತ್ತು. ಅಪ್ಪ ಮೂಲಂಗಿ ಹೆಚ್ಚುವಾಗ ಚಾಕುವನ್ನು ಬೇಕೆಂದೇ ತಪ್ಪಾಗಿ ಹಿಡಿದುಕೊಂಡರು. ನೋಡುವುದಕ್ಕೇ ಕಷ್ಟವಾಗುವಂತೆ ದಪ್ಪ ದಪ್ಪ ಹೋಳು. ಆದರೆ ಹೆಚ್ಚುವ ಮೊದಲು ಒದ್ದೆ ಬಟ್ಟೆಯನ್ನು ಮೂರು ಮಡಿಕೆ ಮಾಡಿ ಮಣೆಯ ಬಲಗಡೆ ಇಟ್ಟರು, ಒಂದೊಂದು ಹೋಳಿಗೂ ಅಲಗನ್ನು ಅದಕ್ಕೆ ಒರೆಸಿದರು. ಅದು ಮಾತ್ರ ಅವರಿಗೆ ಬಿಡಲಾಗಲಿಲ್ಲ.

"ಈ ತಾತ ಎಷ್ಟು ಚೊಕ್ಕ ನೋಡಿ," ಎಂದು ತೈಪೆಯ ಅಕ್ಕ ತಂಗಿಯ ಪಕ್ಕೆ ತಿವಿದರು. "ಮನೇಲಿ ಹೆಂಡತಿ ಚೆನ್ನಾಗಿ ಪಳಗಿಸಿರಬೇಕು."

"ಬೈಸಿಕೊಂಡು ಬೈಸಿಕೊಂಡು ಕಲಿತದ್ದು," ಎಂದರು ಅಪ್ಪ. ಅವರು ಹೊರಗಿನವರ ಜೊತೆ ತಮಾಷೆ ಮಾಡಿದ್ದನ್ನು ನಾನು ಮೊದಲ ಸಲ ಕೇಳಿದೆ.

ಒಣಮೀನು ಬಿಡಿಸಿದರು, ತುಟಿಪಿಟಕ್ಕೆನ್ನಲಿಲ್ಲ. ಸಾರಿನ ರುಚಿ ನೋಡಲು ಪುಟ್ಟ ತಟ್ಟೆಯಲ್ಲಿ ಕೊಟ್ಟೆ. ಅಂಗಡಿಯಲ್ಲಿದ್ದಾಗ ಹೀಗೆ ಕೊಟ್ಟು, ಅವರ ಮುಖವನ್ನೇ ನೋಡುತ್ತಾ ನಿಂತಿರುತ್ತಿದ್ದೆ. ಸರಿಯಿಲ್ಲದಿದ್ದರೆ ತಟ್ಟೆ ಕೆಳಗಿಡುತ್ತಿದ್ದರು, ಸರಿಯಿದ್ದರೆ ಏನೂ ಹೇಳದೆ ಮುಂದಿನ ಕೆಲಸಕ್ಕೆ ಹೋಗುತ್ತಿದ್ದರು. ಅವತ್ತು ಬಹಳ ಹೊತ್ತು ಬಾಯಲ್ಲಿಟ್ಟುಕೊಂಡರು.

"ಈ ಊರಿನ ನೀರಿಗೆ ಇದೇ ಸರಿ," ಎಂದರು.

ಮೊಟ್ಟೆಯ ಹೊತ್ತಿಗೆ ನನಗೆ ಪೇಚಾಟ ಶುರುವಾಯಿತು. ದಿನಾ ಹೇಳುವ ಮಾತನ್ನು ಅವತ್ತು ಹೇಳುವುದೋ ಬಿಡುವುದೋ. ಹೇಳದೆ ಮುಂದುವರಿದರೆ ಅವತ್ತಿನ ಪಾಠ ಪಾಠವೇ ಅಲ್ಲ. ಹೇಳಿದೆ. ಒಂದು ಮಾತನ್ನೂ ಬದಲಾಯಿಸದೆ, ಕ್ಯೋತೋದ ಅಡುಗೆಯವರಿಂದ ಹಿಡಿದು ನನಗಿಲ್ಲದ ಯೋಗ್ಯತೆಯವರೆಗೆ. ಅಪ್ಪ ಮಣೆಯ ಮೇಲಿನ ಒದ್ದೆ ಬಟ್ಟೆಯನ್ನು ಬಿಚ್ಚಿ ಮತ್ತೆ ಮಡಿಸುತ್ತಿದ್ದರು.

"ಅವರು ಈಗ್ಲೂ ಇದಾರಾ?" ತೈಪೆಯ ಅಕ್ಕ ಕೇಳಿದರು.

"ಇದಾರೆ," ಎಂದೆ.

ನನ್ನ ಹತ್ತಿರ ಇರುವುದು ಪೇಟೆಯಲ್ಲಿ ಸಿಗುವ, ಮೊಟ್ಟೆ ಅಂಟದ ಹಗುರ ಕಾವಲಿಗಳು. ಅಪ್ಪ ಅದನ್ನು ಎರಡು ಸಲ ಎತ್ತಿ ಇಳಿಸಿದರು. ಮೊದಲ ಪದರ ಹುಯ್ದರು. ಕೈ ತಾನಾಗಿಯೇ ಆಚೆಗೆ ಹೊರಟಿತು. ಅಷ್ಟರಲ್ಲಿ ಮಣಿಕಟ್ಟು ಸೆಳೆದಿರಬೇಕು, ಮುಖ ಕಿವುಚಿತು. ಆಗ ನೋಡಿದೆ, ಅಂಗಿಯ ತೋಳಿನ ಒಳಗೆ ಪಟ್ಟಿ ಸುತ್ತಿತ್ತು. ನೀವು ಇದನ್ನೂ ನನಗೆ ಹೇಳಿರಲಿಲ್ಲ ಅತ್ತೆ.

"ಕೊಮೊರಿ ಅವರೇ," ಎಂದೆ. "ಈ ಕಡೆಗೆ."

ನಿಂತರು. ಆಮೇಲೆ ಆಚೆ ತುದಿಗೆ ಕಡ್ಡಿ ಹಾಕಿ ತಮ್ಮ ಕಡೆಗೆ ಎಳೆದುಕೊಂಡರು. ನಟನೆ ಅಲ್ಲ ಅತ್ತೆ, ನಿಜವಾಗಿಯೂ ಅವರಿಗೆ ಬರಲಿಲ್ಲ. ಕಡ್ಡಿ ಎಲ್ಲಿ ಊರಬೇಕು, ಯಾವಾಗ ಎತ್ತಬೇಕು, ಯಾವುದೂ ಆ ಕೈಗೆ ಗೊತ್ತಿಲ್ಲ. ಕ್ಯೋತೋದಲ್ಲಿ ಜನ ಸಾಲು ನಿಂತು ಕಾಯುತ್ತಿದ್ದುದು ಅದೇ ಕೈಗೆ. ಹಣೆಯಲ್ಲಿ ಬೆವರು. ಎರಡನೆಯದು ಹರಿಯಿತು, ಮೂರನೆಯದು ಮುಚ್ಚಿಕೊಂಡಿತು. ಕೊನೆಯ ಪದರ ನಡುವೆಯೇ ಸೀಳಿತು. ಅವರ ಬಟ್ಟಲು ಖಾಲಿ, ಮುಚ್ಚಲು ಇನ್ನೊಂದು ಪದರಕ್ಕೆ ಮೊಟ್ಟೆ ಇರಲಿಲ್ಲ. ಲಿಸ್ಬನ್ನಿನ ಯಜಮಾನರು ನಿಂತ ಹಾಗೆಯೇ ತಲೆ ತಗ್ಗಿಸಿ ನಿಂತರು.

ನಾನು ಹೋಗಿ ಹಿಡಿಯ ಮೇಲೆ, ಅವರ ಕೈಯ ಜೊತೆ ಕೈಯಿಟ್ಟೆ. ನನ್ನ ಬಟ್ಟಲಿನಲ್ಲಿ ಉಳಿದಿದ್ದ ಮೊಟ್ಟೆಯನ್ನು ಅವರ ಕಾವಲಿಗೆ ಹುಯ್ದೆ. ಇಬ್ಬರೂ ಸೇರಿ ಸುತ್ತಿದೆವು, ನಮ್ಮ ಕಡೆಗೆ.

"ಮೊದಲ ಸಲ ಅಲ್ವಾ," ಎಂದೆ. "ಹೀಗೇ ಆಗತ್ತೆ."

"ಹೌದು," ಎಂದರು. "ಮೊದಲ ಸಲ."

ಎಂಟು ವರ್ಷ ಅವರ ಅಡುಗೆಮನೆಯಲ್ಲಿದ್ದೆ. ನಾವು ಒಂದೇ ಕಾವಲಿ ಹಿಡಿದದ್ದು ಅದೇ ಮೊದಲು.

ಊಟಕ್ಕೆ ಕೂತಾಗ ತಮ್ಮ ಮೊಟ್ಟೆಯನ್ನು ಬೇರೆಯವರಿಗೆ ಕೊಡಲಿಲ್ಲ, ಪೂರ್ತಿ ತಾವೇ ತಿಂದರು. ಎಲ್ಲರನ್ನೂ ಕೇಳುವ ಹಾಗೆ ಅವರನ್ನೂ ಕೇಳಿದೆ, ಹೇಗಿತ್ತು ಎಂದು. ಕಡ್ಡಿಗಳನ್ನು ಜೋಡಿಸಿಟ್ಟು, ಎರಡೂ ಕೈ ತೊಡೆಯ ಮೇಲಿಟ್ಟುಕೊಂಡರು.

"ಗುರುಗಳೇ, ಬಹಳ ಚೆನ್ನಾಗಿತ್ತು."

ಅತ್ತೆ, ನಾನು ಅಕ್ಕಿಯ ಪಾತ್ರೆ ನೋಡುವ ನೆಪ ಮಾಡಿ ಒಳಗೆ ಹೋಗಿ ಅತ್ತುಬಿಟ್ಟೆ. ಮುಖ ತೊಳೆದುಕೊಂಡು ಬರುವಷ್ಟರಲ್ಲಿ ತೈಪೆಯವರು ಹೊರಟಿದ್ದರು. ಅಪ್ಪ ಎಲ್ಲರ ಕಾವಲಿಗಳನ್ನೂ ಒರೆಸಿ ಸಾಲಾಗಿ ಇಟ್ಟಿದ್ದರು. ಹೊಸ್ತಿಲ ಬಳಿ ಬೂಟು ಹಾಕಿಕೊಂಡು, ಮತ್ತೆ ಬಗ್ಗಿ ನಮಸ್ಕಾರ ಮಾಡಿ, ಮೆಟ್ಟಿಲಿಳಿಯತೊಡಗಿದರು. ಒಂದು ಕೈ ಗೋಡೆಯ ಮೇಲೆ. ನೋಡುತ್ತಾ ನಿಂತವಳಿಗೆ ಕೊಮೊರಿ ಅವರೇ ಎನ್ನಲು ಇನ್ನು ಬಾಯಿ ಬರಲಿಲ್ಲ.

"ಅಪ್ಪಾ, ಮೆಟ್ಟಿಲು ಜೋಪಾನ."

ನಿಂತರು. ತಿರುಗಲಿಲ್ಲ.

"ಗಂಟು ಮರೆತಿದೀರ."

"ಅಷ್ಟು ಭಾರ ಹೊತ್ಕೊಂಡು ಈ ಮೆಟ್ಟಿಲು ಇಳಿಯಕ್ಕಾಗಲ್ಲ," ಎಂದರು. "ಅಲ್ಲೇ ಇರ್ಲಿ. ಮುಂದಿನ ಸಲ ಬಂದಾಗ ನೋಡೋಣ."

ಗಂಟು ಬಿಚ್ಚದೆಯೇ ಗೊತ್ತಾಯಿತು ಏನೆಂದು. ಬಿಚ್ಚಿದೆ. ಒಳಗೆ ಕಲಾಯಿ ಫಳಫಳ ಹೊಳೆಯುತ್ತಿತ್ತು. ತಾತನ ತಾಮ್ರದ ಕಾವಲಿಯನ್ನು ಒಲೆಯ ಪಕ್ಕದ ಮೊಳೆಗೆ ನೇತುಹಾಕಿದ್ದೇನೆ. ಇನ್ನೂ ಒಲೆಗೆ ಏರಿಸಿಲ್ಲ, ಅವರು ಬರಲಿ.

ಮಂಡಿಗೆ ಬಿಸಿ ನೀರು ಕಾಯಿಸಿಕೊಳ್ಳಿ. ಮುಂದಿನ ಸಲ ಕುರ್ಚಿ ಹಾಕಿಡುತ್ತೇನೆ.

ನಿಮ್ಮ,
ಚಿಗುಸಾ


ಕ್ಯೋತೋ,
ಡಿಸೆಂಬರ್ ೩

ಅಕ್ಕಾ,

ಮೊದಲ ಮಂಜು ಬಿತ್ತು. ಕಾಮೊ ನದಿಗೆ ಬಿಳಿ ಹಕ್ಕಿಗಳು ಬಂದಿವೆ. ನಿನಗೆ ಚಳಿ ತಾಗದಿರಲಿ.

ಅವಳು ಎಲ್ಲ ಬರೆದಿದ್ದಾಳೆಂದು ಹೇಳಿದಳು. ಹೌದು, ನಿನ್ನೆ ಫೋನ್ ಮಾಡಿದ್ದಳು. ಕುರಾಮೊತೊಗೆ ಬೇರೆ ಕಾವಲಿ ಮಾಡಿಸಿಕೊಳ್ಳಲು ಹೇಳಿದ್ದೇನೆ. ಅಂಗಡಿ ಮುಚ್ಚಿದ ಮೇಲೆ ಜನವರಿಯಲ್ಲಿ ಮತ್ತೆ ಹೋಗುತ್ತೇನೆ. ಈ ಸಲ ನಿನ್ನ ಹೆಸರು ಬೇಡ.

ನಾನು ಸುತ್ತಿದ್ದನ್ನು ಅವಳೇ ಕತ್ತರಿಸಿ ತಟ್ಟೆಗೆ ಹಾಕಿದಳು. ಹರಿದ ಜಾಗ ಕತ್ತರಿಸಿದಾಗ ಕಂಡಿತು. ತಿನ್ನುವಾಗ ಗೊತ್ತಾಗಲಿಲ್ಲ.

ತೊಕುಜೊ